ಚಕ್ರವರ್ತಿಯ ಚೀಟಿ, ಪೋಪರ ಮೊಹರು

ಚೀನಾದ ಆಗ್ನೇಯ ಕರಾವಳಿಯಲ್ಲಿ, ತೈವಾನ್‌ಗೆ ಎದುರಾಗಿ ಫುಜಿಯಾನ್ ಪ್ರಾಂತ್ಯವಿದೆ. ಅದರ ಈಶಾನ್ಯ ಮೂಲೆಯ ಗುಡ್ಡಗಾಡಿನಲ್ಲಿರುವ ಊರು ಫುಆನ್. ಹೊರಗಿನವರಿಗೆ ಹೆಚ್ಚೇನೂ ಪರಿಚಯವಿಲ್ಲದ ಈ ಸೀಮೆ 2020ರ ಅಕ್ಟೋಬರ್‌ನಲ್ಲಿ ಸುದ್ದಿಯಾಯಿತು. ಇಲ್ಲಿನ ಕ್ಯಾಥೊಲಿಕ್ ಧರ್ಮಪ್ರಾಂತ್ಯ ಮಿಂಡಾಂಗ್‌ನ ಬಿಷಪ್ ಗುವೊ ಶಿಜಿನ್, ಎಲ್ಲ ಸಾರ್ವಜನಿಕ ಹೊಣೆಗಳಿಂದ ಹಿಂದೆ ಸರಿಯುತ್ತಿದ್ದೇನೆ ಎಂದು ತಮ್ಮ ಜನರಿಗೆ ತಿಳಿಸಿದರು.

ಗುವೊ ರೋಮ್ ಒಪ್ಪಿದ್ದ, ಬೀಜಿಂಗ್ ಒಪ್ಪದಿದ್ದ ಬಿಷಪ್. ಅದೇ ಧರ್ಮಪ್ರಾಂತ್ಯಕ್ಕೆ ಇನ್ನೊಬ್ಬರೂ ಇದ್ದರು, ಝಾನ್ ಸಿಲು. ಅವರನ್ನು ಬೀಜಿಂಗ್ ಒಪ್ಪಿತ್ತು. ಪೋಪರ ಅನುಮತಿ ಇಲ್ಲದೆ 2000ದ ಜನವರಿಯಲ್ಲಿ ದೀಕ್ಷೆ ಪಡೆದಿದ್ದ ಕಾರಣಕ್ಕೆ ರೋಮ್ ಅವರನ್ನು ಬಹಿಷ್ಕೃತರೆಂದೇ ಎಣಿಸಿತ್ತು. 2018ರ ಸೆಪ್ಟೆಂಬರ್ 22ರಂದು ವ್ಯಾಟಿಕನ್ ಮತ್ತು ಚೀನಾ ಸರ್ಕಾರ ಬಿಷಪ್‌ಗಳ ನೇಮಕದ ಬಗ್ಗೆ ತಾತ್ಕಾಲಿಕ ಒಪ್ಪಂದ ಮಾಡಿಕೊಂಡ ದಿನವೇ ಪೋಪ್ ಫ್ರಾನ್ಸಿಸ್ ಝಾನ್ ಮತ್ತು ಅವರಂಥ ಇತರರ ಬಹಿಷ್ಕಾರವನ್ನು ತೆರವುಗೊಳಿಸಿದರು. ಝಾನ್ ಮಿಂಡಾಂಗ್‌ನ ಮುಖ್ಯ ಬಿಷಪ್ ಆದರು. ಗುವೊ ಒಂದು ಮೆಟ್ಟಿಲು ಇಳಿದು ಸಹಾಯಕ ಬಿಷಪ್ ಆದರು. ಆ ಮೆಟ್ಟಿಲಿನಲ್ಲೂ ಅವರು ಹೆಚ್ಚು ದಿನ ನಿಲ್ಲಲಿಲ್ಲ.

ಈ ಕಥೆಯನ್ನು ಕಮ್ಯುನಿಸ್ಟ್ ಪಕ್ಷ ಒಂದು ಕಡೆ, ಧರ್ಮಶ್ರದ್ಧೆ ಇನ್ನೊಂದು ಕಡೆ ಎಂದು ಹೇಳುವುದು ರೂಢಿ. ಬರೆಯುವವರಿಗೂ ಅದು ಸಲೀಸು. ಆದರೆ ಫುಆನ್ ಎಂಬ ಹೆಸರು ಚೀನಾದ ಕ್ರೈಸ್ತ ಇತಿಹಾಸ ಓದಿದವರ ಕಿವಿಗೆ ಬೇರೆಯೇ ರೀತಿ ಕೇಳಿಸುತ್ತದೆ. ಸುಮಾರು ನಾಲ್ಕು ಶತಮಾನಗಳ ಹಿಂದೆ, ಚೀನೀ ಪಿತೃಪೂಜೆಯನ್ನು ಕ್ರೈಸ್ತರು ಮಾಡಬಹುದೇ ಎಂಬ ಮಹಾ ಜಗಳ ಹೊತ್ತಿಕೊಂಡದ್ದು ಇದೇ ಸೀಮೆಯಲ್ಲಿ. ಆ ಜಗಳ ಚಕ್ರವರ್ತಿ ಮತ್ತು ಪೋಪರ ಸಂಬಂಧವನ್ನೇ ಮುರಿಯಿತು. ಮುರಿದ ಮೇಲೂ ಇಲ್ಲಿನ ಹಳ್ಳಿಗಳಲ್ಲಿ ಕ್ರೈಸ್ತಧರ್ಮ ಸಾಯಲಿಲ್ಲ. ಯಾಕೆ ಸಾಯಲಿಲ್ಲ ಎಂಬುದನ್ನು ಬೆನ್ನುಹತ್ತಿ ಹುಡುಕಿದವರು ಬಾಸ್ಟನ್ ವಿಶ್ವವಿದ್ಯಾಲಯದ ಇತಿಹಾಸಕಾರ ಯುಜೀನಿಯೊ ಮೆನೆಗೊನ್. 2009ರಲ್ಲಿ ಪ್ರಕಟವಾದ ಅವರ ಪುಸ್ತಕಕ್ಕೆ ಚೀನಾ ಅಧ್ಯಯನ ಕ್ಷೇತ್ರದ ಹೆಸರಾಂತ ಲೆವೆನ್ಸನ್ ಪ್ರಶಸ್ತಿ ಬಂತು. ಇಂದಿನ ವ್ಯಾಟಿಕನ್–ಬೀಜಿಂಗ್ ಒಪ್ಪಂದದ ಬಗ್ಗೆ ಅದರಲ್ಲಿ ಒಂದು ಸಾಲೂ ಇರಲು ಸಾಧ್ಯವಿಲ್ಲ. ಆದರೂ ಆ ಒಪ್ಪಂದವನ್ನು ಅರ್ಥಮಾಡಿಕೊಳ್ಳಲು ಅದಕ್ಕಿಂತ ಒಳ್ಳೆಯ ದಾರಿ ನನಗೆ ಕಂಡಿಲ್ಲ.

ಅರಮನೆಯ ಕಥೆಯಿಂದ ಶುರು ಮಾಡೋಣ. ಎಲ್ಲರೂ ಅಲ್ಲಿಂದಲೇ ಶುರು ಮಾಡುತ್ತಾರೆ, ಕಥೆ ಸೊಗಸಾಗಿದೆ ಎಂಬುದೇ ಅದಕ್ಕೆ ಕಾರಣ.

ಇಟಲಿಯ ಮಚೆರಾತಾದಲ್ಲಿ 1552ರಲ್ಲಿ ಹುಟ್ಟಿದ, ಜೆಸ್ವಿಟ್ ಎಂಬ ಕ್ಯಾಥೊಲಿಕ್ ಸಂನ್ಯಾಸಿ ಸಂಘದ ಪಾದ್ರಿ ಮತ್ತೆಯೊ ರಿಚ್ಚಿ 1582ರಲ್ಲಿ ದಕ್ಷಿಣ ಚೀನಾದ ಪೋರ್ಚುಗೀಸ್ ನೆಲೆ ಮಕಾವ್‌ಗೆ ಬಂದಿಳಿದರು. ಮೊದಲು ತೊಟ್ಟದ್ದು ಬೌದ್ಧ ಭಿಕ್ಷುವಿನ ಉಡುಗೆ. ಚೀನಾದ ಓದು ಬಲ್ಲ ಅಧಿಕಾರಿ ವರ್ಗ ಭಿಕ್ಷುಗಳಿಗೆ ಅಂಥ ಮರ್ಯಾದೆಯನ್ನೇನೂ ಕೊಡುವುದಿಲ್ಲ ಎಂದು ಗೊತ್ತಾಗಲು ಹತ್ತಕ್ಕೂ ಹೆಚ್ಚು ವರ್ಷ ಬೇಕಾಯಿತು. 1595ರಲ್ಲಿ ಕಾಷಾಯ ಕಳಚಿ ಪಂಡಿತರ ರೇಷ್ಮೆ ನಿಲುವಂಗಿ ತೊಟ್ಟರು. 1601ರಲ್ಲಿ ಬೀಜಿಂಗ್ ಸೇರಿದರು, ಗಡಿಯಾರಗಳನ್ನು ಕಾಣಿಕೆ ಕೊಟ್ಟರು, ಚೀನೀ ಭಾಷೆಯಲ್ಲೇ ಗ್ರಂಥ ಬರೆದರು, 1610ರಲ್ಲಿ ಅಲ್ಲೇ ತೀರಿಕೊಂಡರು. ವಾನ್‌ಲಿ ಚಕ್ರವರ್ತಿ ಅವರ ಸಮಾಧಿಗೆ ಜಾಗ ಕೊಟ್ಟ. ಸಮಾಧಿ ಇಂದಿಗೂ ಇದೆ. ಅದಿರುವುದು ಬೀಜಿಂಗ್ ನಗರದ ಕಮ್ಯುನಿಸ್ಟ್ ಪಕ್ಷದ ತರಬೇತಿ ಶಾಲೆಯ ಆವರಣದೊಳಗೆ! ಯಾವ ಕಾದಂಬರಿಕಾರನಿಗೂ ಇಂಥದ್ದು ಹೊಳೆಯುತ್ತಿರಲಿಲ್ಲ.

ಕನ್‌ಫ್ಯೂಶಿಯಸ್‌ಗೆ ಸಲ್ಲಿಸುವ ಗೌರವ, ತೀರಿಹೋದ ಹಿರಿಯರ ಹೆಸರಿನ ಹಲಗೆಯ ಮುಂದೆ ತಲೆಬಾಗಿ ಎಡೆ ಇಡುವುದು, ಇವೆಲ್ಲ ಲೋಕಾಚಾರವೇ ಹೊರತು ಮತಾಚಾರವಲ್ಲ ಎಂಬುದು ರಿಚ್ಚಿಯ ನಿಲುವು. ಹಾಗಾಗಿ ಕ್ರೈಸ್ತನಾದ ಚೀನೀಯ ತನ್ನ ಹಿರಿಯರನ್ನು ಬಿಡಬೇಕಿಲ್ಲ. ಈ ನಿಲುವಿನಿಂದಲೇ ಜೆಸ್ವಿಟರಿಗೆ ಅರಮನೆಯ ಬಾಗಿಲು ತೆರೆದೇ ಇತ್ತು. ಆ್ಯಡಂ ಶಾಲ್, ಫರ್ಡಿನಂಡ್ ವರ್ಬೀಸ್ಟ್ ಮುಂತಾದವರು ಚಕ್ರವರ್ತಿಯ ಪಂಚಾಂಗ ಇಲಾಖೆಯನ್ನೇ ನಡೆಸಿದರು. ಪಂಚಾಂಗವೆಂದರೆ ಅಲ್ಲಿ ಸಣ್ಣ ಮಾತಲ್ಲ. ಗ್ರಹಣದ ಲೆಕ್ಕ ತಪ್ಪಿದರೆ, ಚಕ್ರವರ್ತಿಗೆ ಆಳುವ ಹಕ್ಕು ಕೊಟ್ಟ ಸ್ವರ್ಗದ ಆದೇಶವೇ ತಪ್ಪಿದ ಹಾಗೆ. 1692ರಲ್ಲಿ ಕಾಂಗ್‌ಶಿ ಚಕ್ರವರ್ತಿ ಕ್ರೈಸ್ತಧರ್ಮಕ್ಕೆ ಸಹಿಷ್ಣುತೆಯ ಆದೇಶ ಹೊರಡಿಸಿದ. ಆ ಹೊತ್ತಿಗೆ ಚೀನಾದಲ್ಲಿ ಸುಮಾರು 2 ಲಕ್ಷ ಕ್ರೈಸ್ತರಿದ್ದರೆಂಬುದು ಇತಿಹಾಸಕಾರರ ಸಾಮಾನ್ಯ ಅಂದಾಜು.

ಫುಆನ್ ಕಥೆಯೊಳಗೆ ಬರುವುದು ಇಲ್ಲಿ. ಅಲ್ಲಿಗೆ ಹೋದವರು ಜೆಸ್ವಿಟರಲ್ಲ. 1632ರಲ್ಲಿ ಸ್ಪೇನಿನ ಕೃಪೆಯಲ್ಲಿ, ಮನಿಲಾ ಮತ್ತು ತೈವಾನ್ ಮಾರ್ಗವಾಗಿ ಬಂದ, ಇನ್ನೊಂದು ಕ್ಯಾಥೊಲಿಕ್ ಸಂಘದ ದೊಮಿನಿಕನ್ನರು. ಹಿಂದೆಯೇ ಫ್ರಾನ್ಸಿಸ್ಕನ್ನರೂ ಬಂದರು. ಅವರ ಒಡನಾಟ ಅರಮನೆಯ ಪಂಡಿತರ ಜೊತೆಗಲ್ಲ, ಹಳ್ಳಿಯ ಮನೆತನಗಳ ಜೊತೆ. ಅಲ್ಲಿ ಕುಲದ ದೇಗುಲದಲ್ಲಿ ಹಂದಿ ಕಡಿದು, ಹೆಂಡ ಸುರಿದು, ಹಿರಿಯರ ಹಲಗೆಯ ಮುಂದೆ ಮಂಡಿಯೂರುವುದನ್ನು ಅವರು ಕಣ್ಣಾರೆ ಕಂಡರು. ಇದು ಲೋಕಾಚಾರವೆಂದರೆ ಮತಾಚಾರ ಯಾವುದು? ದೊಮಿನಿಕನ್ ಹುವಾನ್ ಬೌತಿಸ್ತಾ ಮೊರಾಲೆಸ್ ಪ್ರಶ್ನೆಗಳ ಪಟ್ಟಿ ಹೊತ್ತು ರೋಮ್‌ಗೆ ಹೋದರು. 1645ರಲ್ಲಿ ರೋಮ್ ಈ ಆಚರಣೆಗಳನ್ನು ನಿಷೇಧಿಸಿತು. ಜೆಸ್ವಿಟರು ತಮ್ಮ ವಾದ ಹೊತ್ತು ಹೋದರು. 1656ರಲ್ಲಿ ಅದೇ ರೋಮ್ ಅವರ ವಿವರಣೆ ಕೇಳಿ ಅನುಮತಿಸಿತು. ಇಬ್ಬರೂ ಸುಳ್ಳು ಹೇಳಿರಲಿಲ್ಲ. ಒಬ್ಬರು ಓದುಬಲ್ಲವರ ಮನೆಯ ಆಚರಣೆ ನೋಡಿದ್ದರು, ಇನ್ನೊಬ್ಬರು ಹಳ್ಳಿಯದು. ನಮ್ಮಲ್ಲೂ ಮಹಾಲಯದ ದಿನ ಎಡೆ ಇಡುವ ಹತ್ತು ಮನೆಗಳಿಗೆ ಹೋಗಿ ಇದೇನು ಎಂದು ಕೇಳಿದರೆ ಹತ್ತು ಉತ್ತರ ಬಂದೀತು.

ಮುಂದಿನದು ಮೊದಲಿಗೆ ಪ್ರಹಸನದಂತೆ ಕಾಣುವ ಕಥೆ. 1693ರಲ್ಲಿ ಫುಜಿಯಾನ್‌ನಲ್ಲಿ ಅಧಿಕಾರದಲ್ಲಿದ್ದ ಫ್ರೆಂಚ್ ಪಾದ್ರಿ ಶಾರ್ಲ್ ಮೈಗ್ರೊ ತನ್ನ ಸೀಮೆಯಲ್ಲಿ ಈ ಆಚರಣೆಗಳನ್ನು ಮತ್ತೆ ನಿಷೇಧಿಸಿದ. 1700ರಲ್ಲಿ ಜೆಸ್ವಿಟರು ನೇರವಾಗಿ ಕಾಂಗ್‌ಶಿಯ ಬಳಿಗೇ ಹೋಗಿ, ಇವು ಲೋಕಾಚಾರವೆಂಬ ಘೋಷಣೆ ಪಡೆದುಕೊಂಡರು. ಇದಕ್ಕಿಂತ ದೊಡ್ಡ ಎಡವಟ್ಟು ಇನ್ನೊಂದಿರಲಿಕ್ಕಿಲ್ಲ. ಕ್ರೈಸ್ತ ಸಿದ್ಧಾಂತದ ಪ್ರಶ್ನೆಗೆ ಪರಧರ್ಮೀಯ ಅರಸನ ತೀರ್ಪು ತಂದುಕೊಟ್ಟ ಮೇಲೆ ಪೋಪರು ಸುಮ್ಮನಿರುವುದುಂಟೇ? 1704ರಲ್ಲಿ ಹನ್ನೊಂದನೇ ಕ್ಲೆಮೆಂಟ್ ನಿಷೇಧಕ್ಕೆ ಸಹಿ ಹಾಕಿದರು. ಆ ಹೊತ್ತಿಗಾಗಲೇ ಅವರ ದೂತ ಶಾರ್ಲ್ ಮೈಯಾರ್ ದ ತುರ್ನೊ ಚೀನಾದ ದಾರಿಯಲ್ಲಿದ್ದ.

ಆ ದಾರಿ ನಮ್ಮ ಕಡೆಯಿಂದಲೇ ಹಾದುಹೋಗಿತ್ತು. 1703ರಲ್ಲಿ ತುರ್ನೊ ಪಾಂಡಿಚೇರಿಗೆ ಬಂದಿಳಿದ. ಕಾಯಿಲೆ ಬಿದ್ದು ತಿಂಗಳುಗಟ್ಟಲೆ ಅಲ್ಲೇ ಉಳಿದ. ಊರೊಳಗೆ ಹೆಚ್ಚು ಓಡಾಡಲೂ ಆಗದಿದ್ದ ಅದೇ ದಿನಗಳಲ್ಲಿ, 1704ರ ಜೂನ್‌ನಲ್ಲಿ, ದಕ್ಷಿಣ ಭಾರತದ ಜೆಸ್ವಿಟರ ರೀತಿ ನೀತಿಗಳ ಮೇಲೆ ಆಜ್ಞೆ ಹೊರಡಿಸಿದ: ಪಿಳ್ಳೆಯಾರ್ ಚಿತ್ರವಿರುವ ತಾಳಿ ಬೇಡ, ವಿಭೂತಿ ಬೇಡ, ಹೀಗೆ ಪಟ್ಟಿ ಬೆಳೆಯುತ್ತದೆ. ಇದಕ್ಕೆ ಸಿಕ್ಕಿಕೊಂಡದ್ದು ಮಧುರೈ ಮತ್ತು ಕರ್ನಾಟಿಕ್ ಮಿಶನ್‌ಗಳು ಮಾತ್ರವಲ್ಲ, ಮೈಸೂರು ಮಿಶನ್ ಕೂಡ. 17ನೇ ಶತಮಾನದ ನಡುವಿನಲ್ಲಿ ಲಿಯೊನಾರ್ಡೊ ಚಿನ್ನಮಿ ಎಂಬ ಇಟಲಿಯ ಜೆಸ್ವಿಟ್ ಶ್ರೀರಂಗಪಟ್ಟಣಕ್ಕೆ ಬಂದು, ಕನ್ನಡ ಕಲಿತು ಕಟ್ಟಿದ ಮಿಶನ್ ಅದು. ರೋಮ್‌ನ ಕಣ್ಣಿಗೆ ಶ್ರೀರಂಗಪಟ್ಟಣದ ವಿಭೂತಿಯೂ ಫುಆನ್‌ನ ಹಲಗೆಯೂ ಒಂದೇ ಕಡತದ ಎರಡು ಹಾಳೆ. ಪೋಪ್ ಹದಿನಾಲ್ಕನೇ ಬೆನೆಡಿಕ್ಟ್ ಕೊನೆಯ ತೀರ್ಪು ಕೊಟ್ಟದ್ದೂ ಹಾಗೆಯೇ: ಚೀನಾದ್ದಕ್ಕೆ 1742ರಲ್ಲಿ, ನಮ್ಮದಕ್ಕೆ 1744ರಲ್ಲಿ.

ತುರ್ನೊ 1705ರ ಡಿಸೆಂಬರ್‌ನಲ್ಲಿ ಬೀಜಿಂಗ್ ತಲುಪಿದ. ಕಾಂಗ್‌ಶಿ ಆದರದಿಂದಲೇ ಬರಮಾಡಿಕೊಂಡ. ತಿಂಗಳುಗಳು ಕಳೆದಂತೆ ಈ ದೂತ ಬಂದದ್ದು ಯಾಕೆಂಬುದು ಅವನಿಗೆ ಸ್ಪಷ್ಟವಾಯಿತು. ಚೀನೀ ಶಾಸ್ತ್ರದ ವಿಷಯದಲ್ಲಿ ತುರ್ನೊನ ಪರ ನಿಂತ ಪರಿಣತ ಇದೇ ಮೈಗ್ರೊ. 1706ರ ಬೇಸಗೆಯಲ್ಲಿ ಚಕ್ರವರ್ತಿ ಮೈಗ್ರೊನನ್ನು ರೆಹೆಯ ಬೇಸಗೆ ಅರಮನೆಗೆ ಕರೆಸಿ ತಾನೇ ಪರೀಕ್ಷೆ ತೆಗೆದುಕೊಂಡ. ಸಿಂಹಾಸನದ ಹಿಂದಿನ ಫಲಕದಲ್ಲಿದ್ದ ನಾಲ್ಕು ಅಕ್ಷರ ಓದು ಎಂದ. ಮೈಗ್ರೊಗೆ ಓದಲು ಬಂದದ್ದು ಒಂದೇ ಒಂದು. ಇವನು ಹೆಬ್ಬಾಗಿಲ ಹೊರಗೆ ನಿಂತು ಮನೆಯೊಳಗಿನ ಸಂಗತಿ ಮಾತಾಡುವವನ ಹಾಗೆ ಎಂದು ಚಕ್ರವರ್ತಿ ಷರಾ ಬರೆದ.

ಕಾಂಗ್‌ಶಿ ಮುಂದೆ ಮಾಡಿದ್ದು ಇಂದಿನ ಸುದ್ದಿಗೆ ಹತ್ತಿರದ ಸಂಗತಿ. ಅವನು ಯಾರನ್ನೂ ಕೊಲ್ಲಿಸಲಿಲ್ಲ, ಚರ್ಚು ಕೆಡವಲಿಲ್ಲ. 1706ರ ಕೊನೆಯಲ್ಲಿ ಒಂದು ಚೀಟಿ ಜಾರಿಗೆ ತಂದ. ಚೀನೀ ಭಾಷೆಯಲ್ಲಿ ಅದರ ಹೆಸರೂ ಅದೇ, ಪಿಯಾವ್, ಅಂದರೆ ಚೀಟಿ. ಚೀನಾದಲ್ಲಿ ಉಳಿಯಬೇಕೆನ್ನುವ ಪ್ರತಿ ಪಾದ್ರಿಯೂ ಚಕ್ರವರ್ತಿಯ ಅಧಿಕಾರಿಗಳ ಮುಂದೆ ಹಾಜರಾಗಿ, 'ರಿಚ್ಚಿಯ ಕಟ್ಟಳೆ'ಯಂತೆ ನಡೆಯುತ್ತೇನೆ, ಮತ್ತೆಂದೂ ಪಶ್ಚಿಮಕ್ಕೆ ಮರಳುವುದಿಲ್ಲ ಎಂದು ಒಪ್ಪಿ ಅದನ್ನು ಪಡೆಯಬೇಕು. ಅದರಲ್ಲಿ ಹೆಸರು, ದೇಶ, ವಯಸ್ಸು, ಯಾವ ಸಂಘದವನು, ಚೀನಾಕ್ಕೆ ಬಂದು ಎಷ್ಟು ವರ್ಷವಾಯಿತು ಎಂಬ ವಿವರ ಇರುತ್ತಿತ್ತು, ಮಂಚು ಮತ್ತು ಚೀನೀ ಎರಡೂ ಲಿಪಿಯಲ್ಲಿ. ಚೀಟಿಗಳಿಗೆ ಕ್ರಮಸಂಖ್ಯೆ ಕೊಟ್ಟದ್ದು ಚೀನೀ ಮಕ್ಕಳು ಅಕ್ಷರಾಭ್ಯಾಸಕ್ಕೆ ಬಾಯಿಪಾಠ ಮಾಡುವ 'ಸಾವಿರ ಅಕ್ಷರ'ದ ಪಾಠದ ಅನುಕ್ರಮದಲ್ಲಿ. ಪಡೆಯದವರು ಗಂಟುಮೂಟೆ ಕಟ್ಟಿ ಮಕಾವ್‌ಗೆ. ತುರ್ನೊ 1707ರಲ್ಲಿ ನಾನ್‌ಜಿಂಗ್‌ನಿಂದ ಪ್ರತ್ಯಾಜ್ಞೆ ಹೊರಡಿಸಿದ. ಅದನ್ನು ಪಾಲಿಸಿದರೆ ಚೀಟಿ ಇಲ್ಲ, ಚೀಟಿ ಪಡೆದರೆ ಬಹಿಷ್ಕಾರದ ಬೆದರಿಕೆ. ತುರ್ನೊನನ್ನೂ ಮಕಾವ್‌ಗೆ ಅಟ್ಟಲಾಯಿತು. ಅಲ್ಲಿ ಪೋರ್ಚುಗೀಸರ ಬಂಧನದಲ್ಲಿ 1710ರಲ್ಲಿ ತೀರಿಕೊಂಡ.

ದೇವರ ಬಗ್ಗೆ ನೀನು ಏನು ನಂಬುತ್ತೀಯ ಎಂದು ಚೀಟಿ ಕೇಳುವುದಿಲ್ಲ. ತ್ರಿತ್ವದ ಬಗ್ಗೆ, ಪುನರುತ್ಥಾನದ ಬಗ್ಗೆ ಕಾಂಗ್‌ಶಿಗೆ ತಕರಾರೇ ಇರಲಿಲ್ಲ. ನಿನ್ನ ಹೆಸರು ಯಾರ ದಫ್ತರದಲ್ಲಿದೆ, ನೀನು ಯಾರ ಆಳು ಎಂಬುದಷ್ಟೇ ಅವನ ಪ್ರಶ್ನೆ. ರೋಮ್ ಕೇಳುತ್ತಿದ್ದದ್ದೂ ಅದನ್ನೇ.

ಈ ಚೀಟಿಯನ್ನು ಕಾಂಗ್‌ಶಿ ಶೂನ್ಯದಿಂದ ಹುಟ್ಟಿಸಲಿಲ್ಲ. ಟಾಂಗ್ ರಾಜವಂಶದ ಕಾಲದಿಂದಲೇ ಬೌದ್ಧ ಭಿಕ್ಷುವಾಗಬೇಕಾದರೆ ಸರ್ಕಾರದ ದೀಕ್ಷಾ ಪತ್ರ ಬೇಕಿತ್ತು. ಭಿಕ್ಷುವಿಗೆ ತೆರಿಗೆ, ಬಿಟ್ಟಿ ಚಾಕರಿಗಳಿಂದ ವಿನಾಯಿತಿ ಇದ್ದುದರಿಂದ ಎಷ್ಟು ಜನ ಭಿಕ್ಷುಗಳಾಗಬಹುದು ಎಂಬುದು ಬೊಕ್ಕಸದ ಲೆಕ್ಕ. ಹಣದ ಮುಗ್ಗಟ್ಟು ಬಂದಾಗ ಸರ್ಕಾರ ಖಾಲಿ ದೀಕ್ಷಾ ಪತ್ರಗಳನ್ನೇ ಮಾರಿದ್ದೂ ಉಂಟು. ಅದೇ ಟಾಂಗ್ ಕಾಲದಲ್ಲಿ, 635ರಲ್ಲಿ, ಪರ್ಶಿಯಾ ಕಡೆಯಿಂದ ಅಲೊಪೆನ್ ಎಂಬಾತ ಚಾಂಗ್‌ಆನ್‌ಗೆ ಕ್ರೈಸ್ತಧರ್ಮ ತಂದ. ಚಕ್ರವರ್ತಿ ಅನುಮತಿ ಕೊಟ್ಟ. 781ರಲ್ಲಿ ನಿಲ್ಲಿಸಿದ ಶಾಸನಕಲ್ಲು ಅದನ್ನು ಹೇಳುತ್ತದೆ. 845ರಲ್ಲಿ ಇನ್ನೊಬ್ಬ ಚಕ್ರವರ್ತಿ ಬೌದ್ಧ ವಿಹಾರಗಳನ್ನು ಮುಚ್ಚಿಸಿದಾಗ ಅದೇ ಏಟಿನಲ್ಲಿ ಈ ಕ್ರೈಸ್ತರೂ ಹೋದರು. ಅನುಮತಿ ಕೊಟ್ಟದ್ದನ್ನು ಹಿಂತೆಗೆದುಕೊಳ್ಳಲೂಬಹುದು.

ಕೊಡಗು–ಮೈಸೂರು ಗಡಿಯ ಬೈಲಕುಪ್ಪೆಯಲ್ಲಿ ಓಡಾಡಿದವರಿಗೆ ಇದೇ ಕಥೆಯ ಇನ್ನೊಂದು ಕವಲು ಕಣ್ಣೆದುರಿಗೇ ಇದೆ. ದಲೈ ಲಾಮಾ ನಂತರದ ಸ್ಥಾನದಲ್ಲಿರುವ ಪಂಚೆನ್ ಲಾಮಾ ಪರಂಪರೆಯ ತಾಶಿಲ್ಹುನ್‌ಪೊ ಮಠವನ್ನು ನಿರಾಶ್ರಿತ ಟಿಬೆಟನ್ನರು ಮತ್ತೆ ಕಟ್ಟಿದ್ದು ಅಲ್ಲಿ. ಲಾಮಾಗಳ ಪುನರ್ಜನ್ಮವನ್ನು ಚಿನ್ನದ ಕಲಶದಿಂದ ಚೀಟಿ ಎತ್ತಿ ನಿರ್ಧರಿಸಬೇಕೆಂಬ ಕಟ್ಟಳೆಯನ್ನು ಚಿಯೆನ್‌ಲೊಂಗ್ ಚಕ್ರವರ್ತಿ 1793ರಲ್ಲಿ ತಂದ. ಇಲ್ಲೂ ಚೀಟಿಯೇ! 1995ರಲ್ಲಿ ದಲೈ ಲಾಮಾ ಗುರುತಿಸಿದ ಪಂಚೆನ್ ಲಾಮಾ ಬಾಲಕನನ್ನು ಚೀನಾ ಸರ್ಕಾರ ಕೆಲವೇ ದಿನಗಳಲ್ಲಿ ಕರೆದೊಯ್ದಿತು. ಆ ವರ್ಷದ ಕೊನೆಯಲ್ಲಿ ಚಿನ್ನದ ಕಲಶವನ್ನು ಹೊರತೆಗೆದು ಇನ್ನೊಬ್ಬ ಬಾಲಕನನ್ನು ಆರಿಸಲಾಯಿತು. 2025ರ ಜುಲೈನಲ್ಲಿ, ತೊಂಬತ್ತನೇ ಹುಟ್ಟುಹಬ್ಬದ ಹೊತ್ತಿಗೆ, ತಮ್ಮ ಮುಂದಿನ ಜನ್ಮವನ್ನು ಗುರುತಿಸುವ ಅಧಿಕಾರ ತಮ್ಮ ಗಾಡೆನ್ ಫೊಡ್ರಾಂಗ್ ಟ್ರಸ್ಟ್‌ಗೆ ಮಾತ್ರ ಎಂದು ದಲೈ ಲಾಮಾ ಹೇಳಿದಾಗ, ಬೀಜಿಂಗ್ ಮತ್ತೆ ಅದೇ ಕಲಶವನ್ನು ನೆನಪಿಸಿತು. ನಾಸ್ತಿಕ ಪಕ್ಷವೊಂದು ಪುನರ್ಜನ್ಮಕ್ಕೆ ಮಂಜೂರಾತಿ ಕೊಡುವುದು ನಗೆಪಾಟಲೆಂದು ಅನೇಕರಿಗೆ ಅನಿಸುತ್ತದೆ. ಚಕ್ರವರ್ತಿಗಳ ದಫ್ತರ ಓದಿದವರಿಗೆ ಅದರಲ್ಲಿ ಅಂಥ ಅಚ್ಚರಿ ಇಲ್ಲ.

ಕಾಂಗ್‌ಶಿಯ ಕಥೆಗೆ ಮರಳುತ್ತೇನೆ. 1715ರಲ್ಲಿ ಪೋಪ್ ಇನ್ನೂ ಬಿಗಿಯಾದ ಆಜ್ಞೆ ಹೊರಡಿಸಿದರು. ಅದರ ಚೀನೀ ಅನುವಾದ 1721ರಲ್ಲಿ ಚಕ್ರವರ್ತಿಯ ಕೈಸೇರಿತು. ಈ ಪಶ್ಚಿಮದವರು ಅಲ್ಪಬುದ್ಧಿಯವರು, ಇನ್ನು ಇವರು ಬೋಧಿಸುವುದು ಬೇಡ, ರಗಳೆ ತಪ್ಪುತ್ತದೆ ಎಂಬ ಅರ್ಥದಲ್ಲಿ ಅವನು ಕೆಂಪು ಶಾಯಿಯಲ್ಲಿ ಬರೆದ. ಮರುವರ್ಷ ಅವನೇ ತೀರಿಕೊಂಡ. ಮಗ ಯೊಂಗ್‌ಝೆಂಗ್ 1724ರಲ್ಲಿ ನಿಷೇಧವನ್ನು ದೇಶಕ್ಕೆಲ್ಲ ಜಾರಿ ಮಾಡಿದ. ಆಸ್ಥಾನಕ್ಕೆ ಬೇಕಾದ ಖಗೋಳಜ್ಞರು, ಚಿತ್ರಕಾರರು ಮಾತ್ರ ಬೀಜಿಂಗ್‌ನಲ್ಲಿ ಉಳಿದರು. ನಾನು ನಿಮ್ಮ ದೇಶಕ್ಕೆ ಭಿಕ್ಷುಗಳನ್ನೂ ಲಾಮಾಗಳನ್ನೂ ಕಳಿಸಿದರೆ ನೀವು ಏನೆನ್ನುತ್ತೀರಿ ಎಂದು ಅವನು ಕೇಳಿದನೆಂದು ಜೆಸ್ವಿಟರೇ ತಮ್ಮ ಪತ್ರಗಳಲ್ಲಿ ಬರೆದುಕೊಂಡಿದ್ದಾರೆ. ನ್ಯಾಯವಾದ ಪ್ರಶ್ನೆ. ಆ ಕಾಲದ ಯುರೋಪಿನಲ್ಲಿ ಇದಕ್ಕೆ ಉತ್ತರ ಏನಿರುತ್ತಿತ್ತೆಂದು ಎಲ್ಲರಿಗೂ ಗೊತ್ತು.

ಅರಮನೆಯ ಕಥೆ ಬಹುಮಟ್ಟಿಗೆ ಇಲ್ಲಿಗೆ ಮುಗಿಯುತ್ತದೆ. ಹಳೆಯ ಪುಸ್ತಕಗಳಲ್ಲಿ ಚೀನಾದ ಕ್ರೈಸ್ತಧರ್ಮದ ಮೊದಲ ಅಧ್ಯಾಯವೂ ಇಲ್ಲಿಗೇ ಮುಗಿಯುತ್ತದೆ. ಫ್ರಾನ್ಸಿನ ದೊಡ್ಡ ವಿದ್ವಾಂಸ ಜಾಕ್ ಜೆರ್ನೆ 1982ರಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಚೀನೀ ಚಿಂತನೆಯ ಜಾಯಮಾನಕ್ಕೇ ಕ್ರೈಸ್ತಧರ್ಮ ಒಗ್ಗುವಂಥದ್ದಲ್ಲ ಎಂಬ ಧಾಟಿಯಲ್ಲಿ ವಾದಿಸಿದರು. ಪಂಡಿತರು ಬರೆದ ಖಂಡನೆಗಳನ್ನು ಓದಿದರೆ ಹಾಗೆ ಅನಿಸುವುದು ಸಹಜ. ಮೆನೆಗೊನ್ ಹಿಡಿದದ್ದು ಬೇರೆ ದಾರಿ. ಪಂಡಿತರನ್ನು ಬಿಟ್ಟು ಫುಆನ್‌ಗೆ ಹೋದರು. ಸ್ಥಳೀಯ ಗೆಝೆಟಿಯರ್‌ಗಳು, ಮನೆತನಗಳ ವಂಶಾವಳಿಗಳು, ಕಾಂಗ್‌ಶಿಯ ರಾಜವಂಶವಾದ ಚಿಂಗ್‌ನ ಅಧಿಕಾರಿಗಳ ವಿಚಾರಣೆ ಕಡತಗಳು, ದೊಮಿನಿಕನ್ನರ ಪತ್ರಗಳು, ಇವನ್ನೆಲ್ಲ ಪಕ್ಕಪಕ್ಕ ಇಟ್ಟು ಓದಿದರು.

ಅಲ್ಲಿ ಕಂಡದ್ದೇನು? 1724ರ ನಿಷೇಧದ ನಂತರವೂ ಫುಆನ್‌ನಲ್ಲಿ ಕ್ರೈಸ್ತಧರ್ಮ ಕುಂದಲಿಲ್ಲ. ಅದಾಗಲೇ ಅದು ಪರದೇಶಿ ಪಾದ್ರಿಗಳದಾಗಿ ಉಳಿದಿರಲಿಲ್ಲ. ಕೆಲವು ಮನೆತನಗಳಿಗೆ ಅದು ಅಪ್ಪ ಅಜ್ಜನಿಂದ ಬಂದ ಆಸ್ತಿ. ಬಾಪ್ತಿಸ್ಮದ ಹೆಸರು ವಂಶದೊಂದಿಗೆ ಹರಿಯಿತು, ಮದುವೆ ಸಂಬಂಧಗಳು ಕ್ರೈಸ್ತ ಮನೆಗಳ ನಡುವೆ ಬೆಳೆದವು. ಪಾದ್ರಿ ಅಡಗಿ ಕುಳಿತಾಗ ಬಚ್ಚಿಟ್ಟವರು ಇದೇ ಮನೆಯವರು. ಮೆನೆಗೊನ್ ಇದನ್ನು 'ಸ್ಥಳೀಯ ಧರ್ಮ' ಎನ್ನುತ್ತಾರೆ. ಸುತ್ತಲಿನ ಬೌದ್ಧ, ದಾವೊ ಪಂಥಗಳ ಜೊತೆ ಪೈಪೋಟಿ ನಡೆಸುತ್ತ, ಅವುಗಳ ಹಾಗೆಯೇ ಮಳೆ, ರೋಗ, ಸಾವುಗಳ ವ್ಯವಹಾರ ನೋಡಿಕೊಳ್ಳುವ ಇನ್ನೊಂದು ಧರ್ಮ ಎಂಬ ಅರ್ಥದಲ್ಲಿ.

ಅದರ ಬೆನ್ನೆಲುಬು ಹೆಣ್ಣುಮಕ್ಕಳು. ದೊಮಿನಿಕನ್ನರ ಪ್ರೇರಣೆಯಿಂದ ಕೆಲವರು ಮದುವೆಯನ್ನೇ ಬೇಡವೆಂದು ಕನ್ಯಾವ್ರತ ಹಿಡಿದರು. ಇವರಲ್ಲಿ ಮೊದಲಿಗರಲ್ಲೊಬ್ಬಳು ಶ್ಯಾಪಿ ಊರಿನ ಚೆನ್ ಮನೆತನದ ಪೆಟ್ರೊನಿಲಾ. ಇವರಿಗೆ ಮಠವಿಲ್ಲ. ತವರುಮನೆಯಲ್ಲೇ ಇದ್ದು ಜಪ, ಉಪವಾಸ, ಮಕ್ಕಳಿಗೆ ಪಾಠ. ವಂಶ ಬೆಳೆಸುವುದೇ ಹೆತ್ತವರ ಋಣ ತೀರಿಸುವ ದಾರಿ ಎನ್ನುವ ಸಮಾಜದಲ್ಲಿ ಇದು ಎಂಥ ಉದ್ಧಟತನ! ಮೊದಲು ಮನೆಗಳಲ್ಲಿ ರಂಪವಾಯಿತು. ಆಮೇಲೆ ಅದೇ ಮನೆತನಗಳು ಈ ಕನ್ಯೆಯರಿಗೆ ಜಾಗ ಮಾಡಿಕೊಟ್ಟವು. ಗಂಡ ಸತ್ತ ಮೇಲೆ ಮರುಮದುವೆಯಾಗದ ವಿಧವೆಯರನ್ನು ಕೊಂಡಾಡುವ ಚೀನೀ ಪದ್ಧತಿಯ ಪಕ್ಕದಲ್ಲೇ ಇದಕ್ಕೂ ಒಂದು ಮರ್ಯಾದೆ ಸಿಕ್ಕಿತು. ಪಿತೃಪೂಜೆಯ ವಿಷಯದಲ್ಲೂ ಹಾಗೆಯೇ. ರೋಮ್ ಹಲಗೆ ಬೇಡವೆಂದಿತು, ಹಿರಿಯರನ್ನು ಮರೆಯುವುದಕ್ಕೆ ಜನ ಸಿದ್ಧರಿರಲಿಲ್ಲ. ಶವಸಂಸ್ಕಾರ, ಸಮಾಧಿ ಪ್ರಾರ್ಥನೆ, ಸತ್ತವರ ಆತ್ಮಗಳಿಗಾಗಿ ಪೂಜೆ, ಇವುಗಳ ಮೂಲಕ ಹಿರಿಯರನ್ನು ನೆನೆಯುವ ಹೊಸ ಕ್ರಮ ರೂಪುಗೊಂಡಿತು. ರೋಮ್ ಮತ್ತು ಬೀಜಿಂಗ್ ಒಂದು ಶತಮಾನ ಗುದ್ದಾಡಿ ಬಿಡಿಸಲಾಗದ ಗಂಟನ್ನು ಫುಆನ್‌ನ ಅಜ್ಜಿಯರು ಮನೆಯೊಳಗೇ ಸಡಿಲಿಸಿಕೊಂಡರು ಎನ್ನಿ.

1746ರಲ್ಲಿ, ಚಿಯೆನ್‌ಲೊಂಗ್ ಚಕ್ರವರ್ತಿಯ ಕಾಲದಲ್ಲಿ, ಫುಜಿಯಾನ್‌ನ ಪ್ರಾಂತಾಧಿಕಾರಿ ಝೌ ಶ್ವೆಜಿಯೆನ್ ಫುಆನ್ ಮೇಲೆ ದಾಳಿ ಮಾಡಿಸಿದ. ಬಿಷಪ್ ಪೆದ್ರೊ ಸಾನ್ಸ್ ಮತ್ತು ಇನ್ನು ನಾಲ್ವರು ದೊಮಿನಿಕನ್ನರು ಸಿಕ್ಕಿಬಿದ್ದರು. ವಿಚಾರಣೆಯಲ್ಲಿ ಹೊರಬಿದ್ದ ಸಂಗತಿ ಅವನನ್ನು ಕಂಗೆಡಿಸಿತು: ತಾಲ್ಲೂಕು ಕಚೇರಿಯ ಗುಮಾಸ್ತರಲ್ಲೂ ಪೇದೆಗಳಲ್ಲೂ ಕ್ರೈಸ್ತರಿದ್ದಾರೆ, ದಾಳಿಯ ಸುದ್ದಿ ಮೊದಲೇ ಊರು ತಲುಪುತ್ತದೆ! ಸಾನ್ಸ್‌ನ ತಲೆ 1747ರಲ್ಲಿ ಫುಝೌನಲ್ಲಿ ಉರುಳಿತು, ಉಳಿದ ನಾಲ್ವರು ಮರುವರ್ಷ ಸತ್ತರು. ಫುಆನ್‌ನ ಕ್ರೈಸ್ತರು ಇದ್ದಲ್ಲೇ ಇದ್ದರು. ಸಾನ್ಸ್ ಸೇರಿದಂತೆ ಚೀನಾದ 120 ಹುತಾತ್ಮರನ್ನು ಪೋಪ್ ಎರಡನೇ ಜಾನ್ ಪಾಲ್ ಸಂತರೆಂದು ಸಾರಿದ್ದು 2000ದ ಅಕ್ಟೋಬರ್ 1ರಂದು. ಅದು ಚೀನಾದ ರಾಷ್ಟ್ರೀಯ ದಿನ. ಬೀಜಿಂಗ್ ಕೆಂಡವಾಯಿತು.

ಆ ಸಿಟ್ಟಿಗೆ 19ನೇ ಶತಮಾನದ ಬೇರುಗಳೂ ಇವೆ. ಅಫೀಮು ಯುದ್ಧಗಳ ನಂತರ ಕ್ರೈಸ್ತಧರ್ಮ ಮತ್ತೆ ಬಂದದ್ದು ತೋಪಿನ ಬೆನ್ನೇರಿ. 1860ರ ಫ್ರೆಂಚ್ ಒಪ್ಪಂದದ ಚೀನೀ ಪಠ್ಯದಲ್ಲಿ, ಪಾದ್ರಿಗಳು ದೇಶದ ಎಲ್ಲೆಡೆ ಜಮೀನು ಕೊಳ್ಳಬಹುದೆಂಬ ಒಂದು ಸಾಲು ಸೇರಿಕೊಂಡಿತ್ತು. ಫ್ರೆಂಚ್ ಪಠ್ಯದಲ್ಲಿ ಅದು ಇರಲೇ ಇಲ್ಲ. 1899ರಲ್ಲಿ ಕ್ಯಾಥೊಲಿಕ್ ಬಿಷಪ್‌ಗಳಿಗೆ ಪ್ರಾಂತಾಧಿಕಾರಿಗಳ ಸಮಾನ ದರ್ಜೆ ಸಿಕ್ಕಿತು. ಮರುವರ್ಷವೇ ವಿದೇಶಿಯರ, ಕ್ರೈಸ್ತರ ವಿರುದ್ಧದ ಬಾಕ್ಸರ್ ದಂಗೆ. ಊರಿನ ವ್ಯಾಜ್ಯಗಳಲ್ಲಿ ಪಾದ್ರಿ ತನ್ನ ಕಡೆಯವರ ಪರ ನಿಂತರೆ ಹಿಂದೆ ವಿದೇಶಿ ಕಾನ್ಸಲ್ ನಿಂತಿರುತ್ತಿದ್ದ. ಪಾಲ್ ಕೋಹೆನ್‌ರಂಥ ಇತಿಹಾಸಕಾರರು 1960ರ ದಶಕದಿಂದ ಇದನ್ನು ಎಳೆ ಎಳೆಯಾಗಿ ಬಿಡಿಸಿದ್ದಾರೆ. 'ವಿದೇಶಿ ಹಸ್ತಕ್ಷೇಪ' ಎಂದು ಇವತ್ತು ಬೀಜಿಂಗ್ ಎನ್ನುವಾಗ ಅದು ಬರೀ ಪ್ರಚಾರದ ಮಾತಲ್ಲ ಎಂಬುದನ್ನು ಒಪ್ಪಲೇಬೇಕು. ಆ ನೆನಪನ್ನು ಪಕ್ಷ ತನಗೆ ಬೇಕಾದ ಹಾಗೆ ದುಡಿಸಿಕೊಳ್ಳುತ್ತದೆ ಎಂಬುದೂ ಅಷ್ಟೇ ನಿಜ.

ಇನ್ನು ಇಂದಿನ ಮಾತು. ಪಿತೃಪೂಜೆಯ ಜಗಳವನ್ನು ರೋಮ್ 1939ರಲ್ಲೇ ಕೈಬಿಟ್ಟಿತು, ಕನ್‌ಫ್ಯೂಶಿಯಸ್‌ಗೆ ಗೌರವ ಸಲ್ಲಿಸಬಹುದು ಎಂದಿತು. ಗಂಟೆಂದುಕೊಂಡದ್ದು ಬಿಚ್ಚಿತು, ಜಗಳ ಮಾತ್ರ ಬಗೆಹರಿಯಲಿಲ್ಲ. ಅದರ ತಿರುಳು ಬೇರೆಯೇ ಇತ್ತು ಎಂಬುದಕ್ಕೆ ಇದಕ್ಕಿಂತ ಪುರಾವೆ ಬೇಕಿಲ್ಲ. 1957ರಲ್ಲಿ ಸರ್ಕಾರದ ಅಂಕೆಯ ಕ್ಯಾಥೊಲಿಕ್ ದೇಶಭಕ್ತ ಸಂಘ ಹುಟ್ಟಿತು, 1958ರಿಂದ ಪೋಪರ ಅನುಮತಿ ಇಲ್ಲದ ಬಿಷಪ್‌ಗಳು ಬಂದರು. ಚರ್ಚು ಬಹಿರಂಗ ಮತ್ತು ಭೂಗತ ಎಂದು ಎರಡಾಯಿತು. 2015ರಿಂದ ಶಿ ಜಿನ್‌ಪಿಂಗ್ ಧರ್ಮಗಳ 'ಚೀನೀಕರಣ'ದ ಮಾತಾಡತೊಡಗಿದರು. 2018ರಲ್ಲಿ ಧರ್ಮ ವ್ಯವಹಾರಗಳ ಇಲಾಖೆ ನೇರವಾಗಿ, ಪಕ್ಷದ ಹೊರಗಿನ ಗುಂಪುಗಳನ್ನು ನೋಡಿಕೊಳ್ಳುವ ಪಕ್ಷದ ಯುನೈಟೆಡ್ ಫ್ರಂಟ್ ವಿಭಾಗದ ತೆಕ್ಕೆಗೆ ಹೋಯಿತು. 2021ರ ಮೇ 1ರಿಂದ ಜಾರಿಯಾದ ನಿಯಮಗಳ ಪ್ರಕಾರ ಪ್ರತಿ ಧರ್ಮದ ಪ್ರತಿ ಅರ್ಚಕ, ಪಾದ್ರಿ, ಇಮಾಮ್, ಭಿಕ್ಷುವಿನ ಹೆಸರು ಸರ್ಕಾರದ ದತ್ತಾಂಶದಲ್ಲಿರಬೇಕು, ಅವರು ಪಕ್ಷದ ನಾಯಕತ್ವವನ್ನು ಬೆಂಬಲಿಸಬೇಕು. ಕ್ಯಾಥೊಲಿಕ್ ಬಿಷಪ್‌ಗಳ ಬಗ್ಗೆ ಅದರಲ್ಲಿ ಪ್ರತ್ಯೇಕ ಅಂಶವಿದೆ. ಪೋಪರ ಹೆಸರು ಎಲ್ಲೂ ಇಲ್ಲ, ಆ ಹೊತ್ತಿಗೆ ಒಪ್ಪಂದ ಆಗಿ ಮೂರನೇ ವರ್ಷ ನಡೆಯುತ್ತಿದ್ದರೂ.

ಪಾದ್ರಿಗಳಿಗೆ ಎದುರಾದದ್ದು ಮತ್ತೆ 1706ರ ಇಕ್ಕಟ್ಟು. ನೋಂದಣಿಗೆ ಸಹಿ ಹಾಕಿದರೆ ಸ್ವತಂತ್ರ, ಸ್ವಯಮಾಡಳಿತದ ಚೀನೀ ಚರ್ಚಿನ ತತ್ವಕ್ಕೆ ಒಪ್ಪಿದ ಹಾಗೆ. ಹಾಕದಿದ್ದರೆ ಕಾನೂನಿನ ಹೊರಗೆ. ಆದರೆ ಈ ಸಲ ರೋಮ್ ತುರ್ನೊನ ದಾರಿ ಹಿಡಿಯಲಿಲ್ಲ. 2019ರ ಜೂನ್‌ನಲ್ಲಿ ಕೊಟ್ಟ ಮಾರ್ಗದರ್ಶನ ಹೀಗಿತ್ತು: ಸಹಿ ಹಾಕಬಹುದು, ಕ್ಯಾಥೊಲಿಕ್ ಸಿದ್ಧಾಂತಕ್ಕೆ ನಿಷ್ಠನಾಗಿರುತ್ತೇನೆ ಎಂದು ಜೊತೆಗೆ ಬರೆಯಿರಿ. ಬರೆಯಲು ಬಿಡದಿದ್ದರೆ ಬಾಯಲ್ಲಿ ಹೇಳಿ, ಸಾಧ್ಯವಾದರೆ ಸಾಕ್ಷಿಯೊಬ್ಬರ ಮುಂದೆ. ಮನಸ್ಸು ಒಪ್ಪದವರು ಹಾಕದೆಯೂ ಇರಬಹುದು, ಅವರನ್ನೂ ಗೌರವಿಸಬೇಕು. ಮುನ್ನೂರು ವರ್ಷದ ಹಿಂದೆ ಇಂಥ ಮೆತ್ತನೆಯ ಕಾಗದವೊಂದು ಬಂದಿದ್ದರೆ ಏನಾಗುತ್ತಿತ್ತೋ! ಗುವೊ ಅವರಂಥವರಿಗೆ ಮಾತ್ರ ಈ ಮೆತ್ತಗಿನ ಕಾಗದ ಆಸರೆಯಾಗಲಿಲ್ಲ. ತಾನು ಯಾರಿಗಾಗಿ ಕಷ್ಟಪಟ್ಟೆನೋ ಆ ಕೈಯೇ ತನ್ನನ್ನು ಕೆಳಗಿಳಿಸಿತು ಎಂದು ಭೂಗತ ಚರ್ಚಿನ ಹಲವರಿಗೆ ಅನಿಸಿದ್ದರೆ ಅವರನ್ನು ದೂರುವ ಹಾಗಿಲ್ಲ.

ಒಪ್ಪಂದ 2020, 2022ರಲ್ಲಿ ಎರಡೆರಡು ವರ್ಷಕ್ಕೆ, 2024ರ ಅಕ್ಟೋಬರ್‌ನಲ್ಲಿ ನಾಲ್ಕು ವರ್ಷಕ್ಕೆ ಮುಂದುವರಿಯಿತು. ನಡುವೆ ಬೀಜಿಂಗ್ ತನಗೆ ಬೇಕೆನಿಸಿದ್ದನ್ನು ಮಾಡುತ್ತಲೇ ಬಂದಿದೆ. 2023ರ ಏಪ್ರಿಲ್‌ನಲ್ಲಿ ಶೆನ್ ಬಿನ್ ಅವರನ್ನು ರೋಮ್‌ನ ಒಪ್ಪಿಗೆ ಪಡೆಯದೆ ಶಾಂಘೈ ಬಿಷಪ್ ಪೀಠದಲ್ಲಿ ಕೂರಿಸಲಾಯಿತು. ಮೂರು ತಿಂಗಳ ಬಳಿಕ ಪೋಪ್ ಅದನ್ನು ಅನುಮೋದಿಸಿದರು. 2025ರಲ್ಲಿ ಪೋಪ್ ಹದಿನಾಲ್ಕನೇ ಲಿಯೊ ಉತ್ತರ ಚೀನಾದ ಎರಡು ಹಳೆಯ ಧರ್ಮಪ್ರಾಂತ್ಯಗಳನ್ನು ರದ್ದು ಮಾಡಿ, ಸರ್ಕಾರದ ಆಡಳಿತ ಗಡಿಗೆ ಹೊಂದುವ ಝಾಂಗ್‌ಜಿಯಾಕೌ ಧರ್ಮಪ್ರಾಂತ್ಯ ರಚಿಸಿದರು. ಚೀನಾಕ್ಕೆ ಸಂಬಂಧಿಸಿ ಅವರ ಮೊದಲ ನೇಮಕ ಫುಝೌ ನಗರದ ಸಹಾಯಕ ಬಿಷಪ್‌ನದು, ಹಿಂದೆ ಸಾನ್ಸ್‌ನ ತಲೆ ಬಿದ್ದ ಅದೇ ಊರು.

ಹಾಗಾದರೆ ಶಿ ಜಿನ್‌ಪಿಂಗ್ ಇನ್ನೊಬ್ಬ ಕಾಂಗ್‌ಶಿಯೇ? ಪತ್ರಿಕೆಗಳಲ್ಲಿ ಈ ಹೋಲಿಕೆ ಆಗಾಗ ಕಾಣುತ್ತದೆ. ಚೀಟಿಯ ಮಟ್ಟಿಗೆ ಒಪ್ಪುತ್ತೇನೆ, ಅದರಾಚೆಗೆ ಹೋಲಿಕೆ ಜಗ್ಗುವುದಿಲ್ಲ. ಕಾಂಗ್‌ಶಿ ಸ್ವತಃ ಸ್ವರ್ಗಕ್ಕೆ ಬಲಿ ಅರ್ಪಿಸುವ ಮುಖ್ಯ ಪುರೋಹಿತ. ಅವನ ಆಡಳಿತವೇ ಒಂದು ಮಹಾ ಆಚರಣೆ, ಉಳಿದ ಧರ್ಮಗಳು ಅದರಡಿಯಲ್ಲಿ ಜಾಗ ಪಡೆಯಬೇಕಿತ್ತು. ಇಂದಿನ ಪಕ್ಷಕ್ಕೆ ಧರ್ಮವೆಂದರೆ ಎಂದಾದರೊಮ್ಮೆ ಕಳಚಿಹೋಗಬೇಕಾದ ಪೊರೆ, ಅಲ್ಲಿಯವರೆಗೆ ಅದನ್ನು ಅಂಕೆಯಲ್ಲಿ ಇಟ್ಟುಕೊಳ್ಳಬೇಕಷ್ಟೆ.

ಇದಕ್ಕಿಂತ ದೊಡ್ಡ ವ್ಯತ್ಯಾಸ ತೋಳಿನ ಉದ್ದದ್ದು. ಮೆನೆಗೊನ್ ತೋರಿಸಿದ ಫುಆನ್ ಬದುಕಿದ್ದು ಚಿಂಗ್ ಸಾಮ್ರಾಜ್ಯದ ತೋಳು ತಾಲ್ಲೂಕು ಕಚೇರಿಯ ಹೊಸ್ತಿಲಿಗೆ ನಿಲ್ಲುತ್ತಿದ್ದುದರಿಂದ. ಒಬ್ಬ ತಾಲ್ಲೂಕು ಅಧಿಕಾರಿ, ಅವನ ಕೈಕೆಳಗೆ ಸಂಬಳ ಸಾಲದ ಸ್ಥಳೀಯ ಗುಮಾಸ್ತರು, ಅವರ ಅತ್ತೆಯೋ ಅಜ್ಜಿಯೋ ಕ್ರೈಸ್ತಳು. ಆಜ್ಞೆ ಬೀಜಿಂಗ್‌ನಿಂದ ಹೊರಟು ಹಳ್ಳಿ ತಲುಪುವಷ್ಟರಲ್ಲಿ ತೆಳುವಾಗುತ್ತಿತ್ತು. ಇವತ್ತು ಚರ್ಚಿನ ಬಾಗಿಲಲ್ಲಿ ಕ್ಯಾಮೆರಾ ಇರಬಹುದು, ಪಾದ್ರಿಯ ಹೆಸರು ಹುಡುಕಬಹುದಾದ ಪಟ್ಟಿಯಲ್ಲಿದೆ, ಹದಿನೆಂಟು ತುಂಬದವರು ಪ್ರಾರ್ಥನೆಗೆ ಬರಬಾರದೆಂದು ಹಲವೆಡೆ ಸ್ಥಳೀಯ ಅಧಿಕಾರಿಗಳು ತಡೆಯುತ್ತಾರೆ. ಕೊನೆಯದು ನನಗೆ ಎಲ್ಲಕ್ಕಿಂತ ಮುಖ್ಯವೆನಿಸುತ್ತದೆ. ಫುಆನ್‌ನ ಧರ್ಮ ಉಳಿದದ್ದು ಪಾದ್ರಿಯಿಂದಲ್ಲ, ಪೀಠದಿಂದಲ್ಲ, ಮನೆಯಲ್ಲಿ ಮಕ್ಕಳಿಗೆ ಜಪ ಕಲಿಸಿದ ಹೆಂಗಸರಿಂದ. ಆ ಕೊಂಡಿಗೆ ಕೈ ಹಾಕಬೇಕೆಂದು ಚಿಯೆನ್‌ಲೊಂಗನಿಗೆ ಹೊಳೆದಿದ್ದರೂ ಅವನ ಬಳಿ ಸಾಧನಗಳಿರಲಿಲ್ಲ. ಬಿಷಪ್ ಯಾರಾಗಬೇಕು ಎಂಬ ಚೌಕಾಶಿಯಲ್ಲಿ ವ್ಯಾಟಿಕನ್ ಗೆದ್ದರೂ ಸೋತರೂ ಈ ಕೊಂಡಿಯ ಬಗ್ಗೆ ಒಪ್ಪಂದದಲ್ಲಿ ಮಾತಿದೆಯೇ ಎಂದು ಕೇಳಬೇಕಾಗುತ್ತದೆ.

ಕೇಳಿದರೆ ಉತ್ತರ ಸಿಗುವ ಹಾಗಿಲ್ಲ. ಕಾಂಗ್‌ಶಿಯ ಚೀಟಿಯಲ್ಲಿ ಏನಿತ್ತು ಎಂಬುದು ಇಂದು ಯಾವ ಸಂಶೋಧಕರಿಗೂ ಗೊತ್ತು, ಅದರ ಒಂದೊಂದು ಅಕ್ಷರವನ್ನೂ ಓದಬಹುದು. 2018ರ ಸೆಪ್ಟೆಂಬರ್ 22ರ ಒಪ್ಪಂದದ ಪಠ್ಯವನ್ನು ಎರಡೂ ಕಡೆಯವರು ಈವರೆಗೆ ಪ್ರಕಟಿಸಿಲ್ಲ. ಫುಆನ್‌ನ ಕ್ರೈಸ್ತರೂ ಅದನ್ನು ಓದಿಲ್ಲ.